ಶಫಾಅತ್ ಕೇಳಲು ಹೋಗಿ ಸಿಯಾಹತ್ ಪಡೆದ ಎವ್ಲಿಯಾ ಚೆಲೆಬಿ

ನಮ್ಮ ನಾಡಿನ ಚರಿತ್ರೆಯನ್ನು ಓದುವಾಗ ಪದೇ ಪದೇ ಎದುರಾಗುವವರು ಪರದೇಶದ ಪ್ರವಾಸಿಗರು. ಹೊನ್ನಾವರದಲ್ಲಿ ಹೆಣ್ಣುಮಕ್ಕಳಿಗೆ 13 ಮತ್ತು ಗಂಡುಮಕ್ಕಳಿಗೆ 23 ಶಾಲೆಗಳನ್ನು ಕಂಡುದಾಗಿ ಬರೆದ ಮೊರಾಕ್ಕೊದ ಇಬ್ನ್ ಬತೂತ, 1443ರಲ್ಲಿ ವಿಜಯನಗರಕ್ಕೆ ರಾಯಭಾರಿಯಾಗಿ ಬಂದ ಅಬ್ದುರ್ರಝಾಕ್, ಆ ಮೇಲೆ ಬಂದ ಪೋರ್ಚುಗೀಸರಾದ ಪಾಯಿಸ್ ಮತ್ತು ನ್ಯೂನಿಜ್ ಇವರನ್ನು ಬಿಟ್ಟು ನಮ್ಮ ಶಾಲೆಯ ಇತಿಹಾಸ ಪುಸ್ತಕಗಳೇ ಇಲ್ಲ. ವಸಾಹತು ಕಾಲ ಬಂದ ನಂತರವಂತೂ ಯುರೋಪಿನವರು ಪೂರ್ವ ದೇಶಗಳನ್ನು ಸುತ್ತಿ ಬರೆದ ಪುಸ್ತಕಗಳು ಕಪಾಟುಗಟ್ಟಲೆ ತುಂಬಿಕೊಂಡವು. ನೋಡುವವರು ಅವರು, ನೋಡಿಸಿಕೊಳ್ಳುವವರು ನಾವು ಎಂಬುದು ಒಂದು ರೂಢಿಯೇ ಆಗಿಹೋಯಿತು.

ಹಾಗಾದರೆ ಪೂರ್ವದ ಕಡೆಯವನೊಬ್ಬ ಕುದುರೆ ಏರಿ ಯುರೋಪಿನ ಊರೂರು ಅಲೆದು, ಅಲ್ಲಿನ ಸೇತುವೆ, ಸಂತೆ, ಇಗರ್ಜಿ, ಆಸ್ಪತ್ರೆ, ಅಡುಗೆ, ಬೈಗುಳಗಳನ್ನೆಲ್ಲಾ ಬರೆದಿಟ್ಟದ್ದು ಇಲ್ಲವೇ? ಇದೆ. ಅದೂ ಒಂದಲ್ಲ, ಎರಡಲ್ಲ, ಹತ್ತು ಸಂಪುಟ. ಬರೆದವನು ಎವ್ಲಿಯಾ ಚೆಲೆಬಿ. ಗ್ರಂಥದ ಹೆಸರು 'ಸಿಯಾಹತ್‌ನಾಮಾ'. ಇಬ್ನ್ ಬತೂತನ ಹೆಸರು ಗೊತ್ತಿರುವ ನಮ್ಮಲ್ಲಿ ಅನೇಕರಿಗೆ ಈತನ ಹೆಸರು ಗೊತ್ತಿಲ್ಲ. ಈತ ಭಾರತಕ್ಕೆ ಬರಲಿಲ್ಲ ಎಂಬುದೂ ಅದಕ್ಕೊಂದು ಕಾರಣವಿರಬಹುದು.

ಒಂದು ಕನಸಿನ ಕಥೆ

ಎವ್ಲಿಯಾ ಹುಟ್ಟಿದ್ದು 1611ರಲ್ಲಿ, ಇಸ್ತಾಂಬುಲ್‌ನಲ್ಲಿ. ತಂದೆ ಸುಲ್ತಾನರ ಆಸ್ಥಾನದ ಪ್ರಧಾನ ಅಕ್ಕಸಾಲಿಗ. ತಾಯಿ ಕಾಕಸಸ್ ಬೆಟ್ಟಸೀಮೆಯಿಂದ ಅರಮನೆಗೆ ತರಲಾಗಿದ್ದ ಅಬ್‌ಖಾಜ್ ಜನಾಂಗದ ಹೆಣ್ಣುಮಗಳು. ಹುಡುಗ ಮದ್ರಸದಲ್ಲಿ ಓದಿ ಹಾಫಿಜ್ ಆದ. ಕಂಠ ಇಂಪಾಗಿತ್ತು, ಸಂಗೀತ ಬರುತ್ತಿತ್ತು, ಮಾತು ಬರುತ್ತಿತ್ತು. 1636ರ ರಮಝಾನಿನ ಲೈಲತುಲ್ ಕದ್ರ್ ರಾತ್ರಿ ಆಯಾ ಸೋಫಿಯಾ ಮಸೀದಿಯಲ್ಲಿ ಆತನ ಕುರ್‌ಆನ್ ಪಾರಾಯಣ ಕೇಳಿದ ಸುಲ್ತಾನ ನಾಲ್ಕನೇ ಮುರಾದ್ ಆತನನ್ನು ಅರಮನೆಗೆ ಕರೆಸಿಕೊಂಡ. 'ಚೆಲೆಬಿ' ಎಂದರೆ ಸಭ್ಯ, ಓದು ಬಲ್ಲ ಮನುಷ್ಯ ಎಂದರ್ಥ. ಒಳ್ಳೆಯ ಹುದ್ದೆ, ಮನೆ, ಮಕ್ಕಳು ಎಂದು ನೆಲೆನಿಲ್ಲಬಹುದಾಗಿದ್ದ ಆತ ಮದುವೆಯೇ ಆಗಲಿಲ್ಲ. ನಲವತ್ತು ವರ್ಷಕ್ಕೂ ಹೆಚ್ಚು ಕಾಲ ದಾರಿಯಲ್ಲೇ ಇದ್ದ.

ಇದಕ್ಕೆ ಆತ ಕೊಡುವ ಕಾರಣ ಒಂದು ಕನಸು. ಹಿಜರಿ 1040ರ ಮುಹರ್ರಮ್ ತಿಂಗಳ ಹತ್ತನೇ ರಾತ್ರಿ, ಎಂದರೆ 1630ರ ಆಗಸ್ಟ್‌ನಲ್ಲಿ, ಇಸ್ತಾಂಬುಲ್‌ನ ಅಹೀ ಚೆಲೆಬಿ ಮಸೀದಿಯಲ್ಲಿ ತಾನು ಇದ್ದಂತೆ ಕನಸು ಬಿತ್ತಂತೆ. ಮಸೀದಿಯ ತುಂಬ ಪ್ರವಾದಿಯವರ ಸಂಗಾತಿಗಳು. ಪ್ರವಾದಿ ಮುಹಮ್ಮದ್(ಸ)ರೇ ಎದುರಿಗಿದ್ದಾರೆ. ಅವರ ಕೈಗೆ ಮುತ್ತಿಟ್ಟು 'ಶಫಾಅತ್' ಬೇಡಬೇಕು. ಭಯಭಕ್ತಿಯಲ್ಲಿ ನಾಲಿಗೆ ತೊದಲಿ ಬಾಯಿಗೆ ಬಂದದ್ದು 'ಸಿಯಾಹತ್'. ಉರ್ದು ಬಲ್ಲ ಓದುಗರಿಗೆ ಈ ಎರಡು ಶಬ್ದಗಳ ನಂಟು ಹೇಳಬೇಕಾಗಿಲ್ಲ. ಒಂದು, ಅಂತಿಮ ದಿನದಂದು ಪ್ರವಾದಿಯವರು ನಮ್ಮ ಪರವಾಗಿ ಮಾಡುವ ಶಿಫಾರಸು. ಇನ್ನೊಂದು, ಪ್ರವಾಸ. ಪ್ರವಾದಿಯವರು ಮುಗುಳ್ನಕ್ಕು ಎರಡನ್ನೂ ಅನುಗ್ರಹಿಸಿದರು ಎಂದು ಆತ ಬರೆಯುತ್ತಾನೆ.

ಕನಸು ನಿಜವೋ, ಕಟ್ಟಿದ್ದೋ ಎಂದು ವಿದ್ವಾಂಸರು ಚರ್ಚಿಸಿದ್ದಾರೆ. ನಮಗೆ ಅದಕ್ಕಿಂತ ಮುಖ್ಯವಾಗಿ ಕಾಣುವುದು ಬೇರೊಂದು. ಮೋಕ್ಷದ ಮಾತನ್ನು ಆಡಲು ಹೋಗಿ ಲೋಕವನ್ನು ಕೇಳಿದ ಈ ಮನುಷ್ಯನಿಗೆ ಎರಡೂ ಒಂದಕ್ಕೊಂದು ವಿರೋಧ ಎಂದು ಅನ್ನಿಸಿರಲಿಲ್ಲ. ದೇವರ ಭೂಮಿಯನ್ನು ಸುತ್ತಿ ನೋಡುವುದೂ ಒಂದು ಆರಾಧನೆ ಎಂಬ ನಂಬಿಕೆ ಆತನದ್ದು.

ದಾರಿ, ಕುದುರೆ, ಲೆಕ್ಕಪುಸ್ತಕ

ಮೊದಲ ಸಂಪುಟ ಪೂರ್ತಿ ಇಸ್ತಾಂಬುಲ್ ನಗರಕ್ಕೇ ಮೀಸಲು. ಅದರಲ್ಲಿ 1638ರಲ್ಲಿ, ಸುಲ್ತಾನ ಬಗ್ದಾದಿನ ದಂಡಯಾತ್ರೆಗೆ ಹೊರಡುವ ಮೊದಲು, ನಡೆದ ಕಸುಬುದಾರರ ಮೆರವಣಿಗೆಯ ವರ್ಣನೆ ಬಹಳ ಪ್ರಸಿದ್ಧ. ರೊಟ್ಟಿ ಸುಡುವವರು, ಚಮ್ಮಾರರು, ಮೀನು ಮಾರುವವರು, ಹಲ್ವಾ ಮಾಡುವವರು, ವೈದ್ಯರು, ಕೊನೆಗೆ ಜೇಬುಗಳ್ಳರು ಮತ್ತು ಭಿಕ್ಷುಕರು ಕೂಡಾ ಅದರಲ್ಲಿದ್ದಾರೆ. ಯಾರು ಮುಂದೆ ಹೋಗಬೇಕು, ಯಾರು ಹಿಂದೆ ಎಂದು ಆಗುವ ಜಗಳಗಳೂ ಇವೆ. ಒಂದು ನಗರ ಹೇಗೆ ಬದುಕುತ್ತಿತ್ತು ಎಂದು ತಿಳಿಯಲು ಇಂತಹ ಇನ್ನೊಂದು ದಾಖಲೆ ಆ ಕಾಲದಲ್ಲಿ ಸಿಗುವುದು ಕಷ್ಟ.

1640ರಲ್ಲಿ ಬುರ್ಸಾಕ್ಕೆ ಹೋಗುವುದರೊಂದಿಗೆ ದಾರಿ ಶುರುವಾಗುತ್ತದೆ. ಕಪ್ಪು ಸಮುದ್ರದ ತೀರ, ಎರ್ಝುರುಮ್, ತಬ್ರೀಝ್, ದಮಾಸ್ಕಸ್, ವಾನ್, ಬಗ್ದಾದ್. ಆ ನಂತರ ಬಾಲ್ಕನ್ ಸೀಮೆ, ಸರಾಯೇವೊ, ಬೆಲ್‌ಗ್ರೇಡ್, ಟ್ರಾನ್ಸಿಲ್ವೇನಿಯಾ, ಹಂಗೆರಿ, ವಿಯೆನ್ನಾ. ಅಲ್ಲಿಂದ ಮುಂದೆ ಕ್ರಿಮಿಯಾ, ಕಾಕಸಸ್, ವೋಲ್ಗಾ ನದಿಯ ದಡ. ಮತ್ತೆ ಗ್ರೀಸ್, ಅಲ್ಬೇನಿಯಾ. 1671-72ರಲ್ಲಿ ಹಜ್. ಹಜ್ ಮುಗಿಸಿ ಕೈರೋದಲ್ಲಿ ನೆಲೆಸಿದ. ಅಲ್ಲಿಂದಲೂ ಸುಮ್ಮನೆ ಕೂರದೆ ನೈಲ್ ನದಿಯ ದಾರಿ ಹಿಡಿದು ಸುಡಾನ್‌ವರೆಗೆ ಹೋಗಿಬಂದ.

ಈ ಓಡಾಟವೆಲ್ಲ ಫಕೀರನೊಬ್ಬನ ಒಂಟಿ ಅಲೆದಾಟ ಎಂದು ತಿಳಿಯಬಾರದು. ಸೇವಕರು, ಗುಲಾಮರು, ಕುದುರೆಗಳ ದಂಡು ಜೊತೆಗಿರುತ್ತಿತ್ತು. ಬಹುತೇಕ ಸಲ ಯಾವುದಾದರೂ ಪಾಷಾನ ಪರಿವಾರದಲ್ಲಿ ಆತ ಇಮಾಮನಾಗಿ, ಮುಅಝ್ಝಿನ್ ಆಗಿ, ಪತ್ರ ಒಯ್ಯುವವನಾಗಿ, ಹರಟೆಯ ಸಂಗಾತಿಯಾಗಿ ಹೋಗುತ್ತಿದ್ದ. ತಾಯಿಯ ಕಡೆಯ ನೆಂಟನಾದ ಮೆಲೆಕ್ ಅಹ್ಮದ್ ಪಾಷಾ ಆತನ ದೊಡ್ಡ ಆಸರೆ. ಸೈನ್ಯದೊಂದಿಗೂ ಹೋಗಿದ್ದಾನೆ. ಲೂಟಿಯಲ್ಲಿ ತನಗೆ ಬಂದ ಪಾಲಿನಲ್ಲಿ ಮನುಷ್ಯರೂ ಇದ್ದರು ಎಂಬುದನ್ನು ಆತ ಮುಚ್ಚಿಡುವುದಿಲ್ಲ. ಸುಟ್ಟ ಹಳ್ಳಿಗಳ ವರ್ಣನೆಯೂ ಸಂತೆಯ ವರ್ಣನೆಯಷ್ಟೇ ಸಲೀಸಾಗಿ ಬರುತ್ತದೆ. ಇದನ್ನು ಓದುವಾಗ ನಮಗೆ ಇರುಸುಮುರುಸಾಗುತ್ತದೆ, ಆಗಬೇಕು ಕೂಡಾ. ಸಾಮ್ರಾಜ್ಯದ ನೆರಳಲ್ಲಿ ನಡೆದವನ ಬರಹವನ್ನು ಸಾಮ್ರಾಜ್ಯದ ನೆರಳನ್ನು ಮರೆತು ಓದಲಾಗದು. ಬ್ರಿಟಿಷ್ ಅಧಿಕಾರಿಗಳ ಪ್ರವಾಸ ಕಥನಗಳಿಗೆ ನಾವು ಹಾಕುವ ಒರೆಗಲ್ಲನ್ನು ನಮ್ಮವನೆಂಬ ಕಾರಣಕ್ಕೆ ಎವ್ಲಿಯಾನ ಮುಂದೆ ಬಚ್ಚಿಡುವುದು ನ್ಯಾಯವಲ್ಲ.

ಹೋದ ಊರಿನಲ್ಲೆಲ್ಲಾ ಆತನದ್ದು ಒಂದೇ ಕ್ರಮ. ಊರಿನ ಹೆಸರು ಹೇಗೆ ಬಂತು, ಕೋಟೆ ಎಷ್ಟು ಹೆಜ್ಜೆ ಸುತ್ತಳತೆ, ಮಸೀದಿ, ಮದ್ರಸ, ಹಮಾಮು, ಮುಸಾಫಿರ್‌ಖಾನೆ ಎಷ್ಟು, ಜನ ಏನುಡುತ್ತಾರೆ, ಏನುಣ್ಣುತ್ತಾರೆ, ಯಾವ ಹಣ್ಣು ಚೆನ್ನ, ಯಾವ ಪುಣ್ಯಾತ್ಮರ ಗೋರಿ ಎಲ್ಲಿದೆ. ಜೊತೆಗೆ ಅಲ್ಲಿನ ಭಾಷೆಯ ಒಂದಷ್ಟು ಮಾತು.

ಭಾಷೆಗಳ ಸಂಗ್ರಹಕಾರ

ಹೀಗೆ ಆತ ಸುಮಾರು 30 ಭಾಷೆಗಳ ಮಾದರಿಗಳನ್ನು ಬರೆದಿಟ್ಟಿದ್ದಾನೆ. ಮೊದಲು ಒಂದು, ಎರಡು, ಮೂರು. ಆಮೇಲೆ ಅನ್ನ, ನೀರು, ಉಪ್ಪು. ಕೊನೆಗೆ ಬೈಗುಳ. ಪ್ರವಾಸಿಗನಾದವನಿಗೆ ಎದುರಿನವನು ತನ್ನನ್ನು ಬೈಯುತ್ತಿದ್ದಾನೆಯೇ ಎಂದು ತಿಳಿದಿರಬೇಕಲ್ಲ ಎಂಬುದು ಆತನ ಸಮಜಾಯಿಷಿ. ನಗು ಬರುವ ಮಾತಾದರೂ ಇದರಿಂದ ಆದ ಉಪಕಾರ ಸಣ್ಣದಲ್ಲ. ಕಾಕಸಸ್‌ನ ಉಬಿಖ್ ಭಾಷೆಯ ಮೊಟ್ಟಮೊದಲ ದಾಖಲೆ ಎವ್ಲಿಯಾನದ್ದು. ಅದನ್ನು ಸರಾಗವಾಗಿ ಮಾತನಾಡುತ್ತಿದ್ದ ಕೊನೆಯ ವ್ಯಕ್ತಿ ತೆವ್‌ಫಿಕ್ ಎಸೆಂಚ್ 1992ರಲ್ಲಿ ಟರ್ಕಿಯಲ್ಲಿ ತೀರಿಕೊಂಡರು. ಒಂದು ಭಾಷೆಯ ದಾಖಲಾದ ಆಯುಷ್ಯದ ಮೊದಲ ತುದಿಯಲ್ಲಿ ಈ ಅಲೆಮಾರಿ ನಿಂತಿದ್ದಾನೆ.

ನಮಗೆ ಇನ್ನಷ್ಟು ಹತ್ತಿರವಾದದ್ದು ಮತ್ತೊಂದು. ಇಂದಿನ ಗ್ರೀಸ್‌ನ ಕೊಮೊಟಿನಿ, ಆಗಿನ ಗುಮುಲ್‌ಜಿನೆ ಎಂಬಲ್ಲಿ ಆತ ರೋಮಾ ಅಲೆಮಾರಿಗಳ ಭಾಷೆಯನ್ನು ಬರೆದುಕೊಂಡ. ಬಾಲ್ಕನ್ ಸೀಮೆಯ ರೋಮಾನಿ ಭಾಷೆಗೆ ಸಿಗುವ ಅತಿ ಹಳೆಯ ಮಾದರಿ ಇದು. ಈ ಭಾಷೆಯಲ್ಲಿ ಒಂದಕ್ಕೆ 'ಯೇಕ್', ಎರಡಕ್ಕೆ 'ದುಯಿ', ಮೂರಕ್ಕೆ 'ತ್ರಿನ್', ಹತ್ತಕ್ಕೆ 'ದೆಶ್', ನೀರಿಗೆ 'ಪಾನಿ', ಉಪ್ಪಿಗೆ 'ಲೋನ್'. ಉರ್ದು ಕಲಿತ ನಮ್ಮ ಮನೆಯ ಮಗು ಕೂಡಾ ಇದನ್ನು ಕೇಳಿ ಕತ್ತೆತ್ತಿ ನೋಡೀತು. ಆದರೆ ಎವ್ಲಿಯಾನಿಗೆ ಇದು ಹಿಂದೂಸ್ತಾನದ ಸೊಲ್ಲು ಎಂದು ಗೊತ್ತಾಗಲಿಲ್ಲ. ಆ ಕಾಲದ ಎಲ್ಲರಂತೆ ಆತನೂ ಅವರನ್ನು ಈಜಿಪ್ಟಿನ ಮೂಲದವರೆಂದೇ ನಂಬಿದ್ದ. ಅವರ ಭಾಷೆಗೂ ಭಾರತದ ಭಾಷೆಗಳಿಗೂ ಇರುವ ನಂಟನ್ನು ಜರ್ಮನಿಯ ರೂಡಿಗರ್ ಎಂಬ ವಿದ್ವಾಂಸ ಬರೆದು ತೋರಿಸಿದ್ದು 1782ರಲ್ಲಿ. ನೂರಾರು ವರ್ಷ ಯುರೋಪಿನಲ್ಲಿ ಬದುಕಿಯೂ ಪರಕೀಯರಾಗಿಯೇ ಉಳಿದ, ಹಿಟ್ಲರನ ಕಾಲದಲ್ಲಿ ಲಕ್ಷಗಟ್ಟಲೆ ಕೊಲ್ಲಲ್ಪಟ್ಟ ಆ ಜನರ ಮಾತನ್ನು, ಇವು ಬರೆದಿಡಲು ಯೋಗ್ಯವಾದ ಮಾತುಗಳು ಎಂದು ತಿಳಿದು ಬರೆದವನು ಇವನು.

ವಿಯೆನ್ನಾದಲ್ಲಿ ಕಂಡದ್ದು

ತುರ್ಕರ ಪಾಲಿಗೆ ವಿಯೆನ್ನಾ ಎಂದರೆ 'ಕೆಂಪು ಸೇಬು', ಕೈಗೆ ಸಿಗದ ಆಸೆಯ ಹಣ್ಣು. 1529ರಲ್ಲಿ ಸುಲೈಮಾನ್ ಸುಲ್ತಾನ ಅದನ್ನು ಮುತ್ತಿ ಬರಿಗೈಯಲ್ಲಿ ಮರಳಿದ್ದ. 1664ರ ಆಗಸ್ಟ್‌ನಲ್ಲಿ ಸೇಂಟ್ ಗಾಟ್‌ಹಾರ್ಡ್ ಎಂಬಲ್ಲಿ ಉಸ್ಮಾನಿ ಸೈನ್ಯ ಸೋತ ನಂತರ ಎರಡೂ ಕಡೆಯವರು ಒಪ್ಪಂದ ಮಾಡಿಕೊಂಡರು. ಆ ಒಪ್ಪಂದದ ಮುಂದುವರಿಕೆಯಾಗಿ 1665ರಲ್ಲಿ ಕರಾ ಮೆಹ್ಮದ್ ಪಾಷಾನ ರಾಯಭಾರ ವಿಯೆನ್ನಾಕ್ಕೆ ಹೋಯಿತು. ಎವ್ಲಿಯಾ ಆ ತಂಡದೊಂದಿಗೆ ಆ ನಗರವನ್ನು ಕಂಡ.

ಶತ್ರುವಿನ ರಾಜಧಾನಿಯಲ್ಲಿ ಆತ ಏನು ನೋಡಿದ? ಚಕ್ರವರ್ತಿ ಲಿಯೊಪೋಲ್ಡ್‌ನ ಮುಖವನ್ನು ಆತ ಚೆನ್ನಾಗಿಯೇ ಗೇಲಿ ಮಾಡುತ್ತಾನೆ. ಒಂಟೆಯ ತುಟಿ, ಬದನೆಕಾಯಿಯಂಥ ಮೂಗು ಎಂದೆಲ್ಲ ಬರೆಯುತ್ತಾನೆ. ಅಷ್ಟು ಸಾಮ್ರಾಜ್ಯದ ಸೊಕ್ಕು. ಆದರೆ ಅದೇ ಚಕ್ರವರ್ತಿ ಬೀದಿಯಲ್ಲಿ ಹೆಂಗಸರು ಎದುರಾದರೆ ನಿಂತು ಟೋಪಿ ತೆಗೆದು ಗೌರವ ಸಲ್ಲಿಸುವುದನ್ನು ಕಂಡು ಬೆರಗಾಗುತ್ತಾನೆ. ಮರ್ಯಮ್‌ರ ಮೇಲಿನ ಗೌರವದಿಂದಾಗಿ ಇಲ್ಲಿ ಹೆಂಗಸರ ಮಾತು ನಡೆಯುತ್ತದೆ ಎಂದು ಕಾರಣವನ್ನೂ ಹುಡುಕುತ್ತಾನೆ. ತಲೆಗೆ ಗುಂಡು ಹೊಕ್ಕವನಿಗೆ ಶಸ್ತ್ರವೈದ್ಯನೊಬ್ಬ ಬುರುಡೆ ಬಿಡಿಸಿ ಚಿಕಿತ್ಸೆ ಮಾಡಿದ ಪರಿಯನ್ನು ಹೆಜ್ಜೆ ಹೆಜ್ಜೆಯಾಗಿ ವಿವರಿಸುತ್ತಾನೆ. ಸಂತ ಸ್ಟೀಫನರ ಇಗರ್ಜಿಯಲ್ಲಿ ಆರ್ಗನ್ ವಾದ್ಯ ಕೇಳಿ ಮೈಮರೆಯುತ್ತಾನೆ. ಅಲ್ಲಿ ಸ್ವರ್ಗ ನರಕಗಳ ಚಿತ್ರ ಇದ್ದುವಂತೆ. ಸ್ವರ್ಗದ ಚಿತ್ರವನ್ನು ನೋಡಿದರೆ ಈಗಲೇ ಸತ್ತು ಅಲ್ಲಿಗೆ ಹೋಗೋಣ ಅನ್ನಿಸುತ್ತದೆ ಎನ್ನುತ್ತಾನೆ. ಚಿತ್ರ ಬರೆಯುವುದು ತನ್ನ ಧರ್ಮದ ವಿದ್ವಾಂಸರಿಗೆ ಒಪ್ಪಿಗೆಯಲ್ಲ ಎಂದು ಗೊತ್ತಿರುವ ಹಾಫಿಜನ ಮಾತಿದು.

ಆ ಇಗರ್ಜಿಯ ಗ್ರಂಥಾಲಯದ ಮುಂದೆ ನಿಂತಾಗ ಆತನಿಗೆ ಸಂತೋಷಕ್ಕಿಂತ ಸಂಕಟವೇ ಹೆಚ್ಚಾಗುತ್ತದೆ. ಅಲ್ಲಿ ಪುಸ್ತಕಗಳನ್ನು ಕಾಯಲು, ಧೂಳು ಒರೆಸಲು ಆಳುಗಳಿದ್ದರು. ಆತನಿಗೆ ತಕ್ಷಣ ನೆನಪಾದದ್ದು ಈಜಿಪ್ಟಿನ ಅಲೆಕ್ಸಾಂಡ್ರಿಯಾದ ಒಂದು ಮಸೀದಿ. ಅಲ್ಲಿ ವಕ್ಫ್ ಆಗಿ ಬಂದ ಅಮೂಲ್ಯ ಗ್ರಂಥಗಳು, ಕುರ್‌ಆನ್ ಪ್ರತಿಗಳು ಮಳೆಗೆ ನೆನೆದು, ಹುಳ ತಿಂದು, ಇಲಿ ಕಡಿದು ಹಾಳಾಗುತ್ತಿದ್ದವು. ಶುಕ್ರವಾರ ಶುಕ್ರವಾರ ಅಷ್ಟು ಜನ ನಮಾಝಿಗೆ ಬರುತ್ತಾರೆ. ಹುಳಗಳ ಸದ್ದು ಕೇಳಿಯೂ ಇವನ್ನು ಉಳಿಸೋಣ ಎನ್ನುವವರು ಒಬ್ಬರೂ ಇಲ್ಲ ಎಂದು ಆತ ಕೊರಗುತ್ತಾನೆ. ಈ ಮಾತಿಗೆ ಮುನ್ನೂರೈವತ್ತು ವರ್ಷ ದಾಟಿದೆ. ನಮ್ಮ ಹಳೆಯ ಮಸೀದಿ, ದರ್ಗಾ, ಮದ್ರಸಗಳ ಕಪಾಟುಗಳಲ್ಲಿ ಗೆದ್ದಲು ಹಿಡಿಯುತ್ತಿರುವ ಫಾರಸಿ, ಉರ್ದು ಹಸ್ತಪ್ರತಿಗಳನ್ನು ನೋಡಿದವರಿಗೆ ಇದು ಹಳೆಯ ಮಾತು ಅನ್ನಿಸುವುದಿಲ್ಲ.

ಇದಕ್ಕೆ ಹತ್ತು ವರ್ಷ ಮೊದಲು, 1655ರಲ್ಲಿ, ಬಿತ್ಲಿಸ್‌ನಲ್ಲಿ ನಡೆದ ಇನ್ನೊಂದು ಪ್ರಸಂಗವನ್ನೂ ಆತ ಬರೆದಿದ್ದಾನೆ. ಅಲ್ಲಿನ ಕುರ್ದ್ ಅರಸ ಅಬ್ದಾಲ್ ಖಾನ್ ದೊಡ್ಡ ವಿದ್ಯಾಪ್ರೇಮಿ. ಮೆಲೆಕ್ ಅಹ್ಮದ್ ಪಾಷಾ ಆತನನ್ನು ಸೋಲಿಸಿ ಆತನ ಸೊತ್ತನ್ನೆಲ್ಲಾ ಹರಾಜಿಗಿಟ್ಟ. ಪುಸ್ತಕಗಳೂ ಹರಾಜಿಗೆ ಬಂದವು. ಕಾದಿಝಾದೆ ಪಂಥದ ಕಟ್ಟಾ ಅನುಯಾಯಿಯೊಬ್ಬ ಚಿತ್ರಗಳಿದ್ದ ಸುಂದರವಾದ 'ಶಾಹ್‌ನಾಮಾ' ಪ್ರತಿಯನ್ನು ಕೂಗಿ ಪಡೆದು, ಡೇರೆಗೆ ಒಯ್ದು, ಚಿತ್ರ ಹರಾಮ್ ಎಂದು ಹೇಳಿ ಮುಖಗಳನ್ನೆಲ್ಲಾ ಕೆರೆದು ಹಾಕಿದ. ಸುದ್ದಿ ತಿಳಿದ ಪಾಷಾ ಅವನಿಗೆ ಛಡಿಯೇಟು ಹಾಕಿಸಿದ. ಎವ್ಲಿಯಾನ ಮನಸ್ಸು ಯಾರ ಪರವಾಗಿತ್ತು ಎಂಬುದು ಆ ಪುಟಗಳಲ್ಲಿ ಸ್ಪಷ್ಟ. ಐದು ಹೊತ್ತಿನ ನಮಾಝಿಗೆ ತಾನೇ ಬಾಂಗ್ ಕೊಡುವ ಮನುಷ್ಯ, ಧರ್ಮದ ಹೆಸರಿನಲ್ಲಿ ಪುಸ್ತಕ ಕೆಡಿಸುವವನನ್ನು ಮೂರ್ಖನೆಂದೇ ಕಂಡ. ಆದರೆ ಆ ಗ್ರಂಥಾಲಯ ಚೆಲ್ಲಾಪಿಲ್ಲಿಯಾಗಲು ಮೊದಲ ಕಾರಣ ತನ್ನ ಪಾಷಾನ ದಂಡಯಾತ್ರೆಯೇ ಎಂಬುದನ್ನೂ ನಾವು ಮರೆಯಬಾರದು.

ಹೆಪ್ಪುಗಟ್ಟಿದ ಬೆಕ್ಕು

ಎವ್ಲಿಯಾ ಸುಳ್ಳುಗಾರ ಎಂಬ ಆರೋಪ ಹಳೆಯದು. ಎರ್ಝುರುಮ್‌ನ ಚಳಿ ಎಷ್ಟೆಂದರೆ, ಒಂದು ಮಾಡಿನಿಂದ ಇನ್ನೊಂದು ಮಾಡಿಗೆ ಹಾರಿದ ಬೆಕ್ಕು ನಡುವೆಯೇ ಹೆಪ್ಪುಗಟ್ಟಿ, ತಿಂಗಳುಗಳ ನಂತರ ಬೇಸಗೆ ಬಂದಾಗ 'ಮಿಯಾಂವ್' ಎಂದು ಕೆಳಗೆ ಬಿತ್ತಂತೆ. ತಾತಾರ್ ಸವಾರರೊಂದಿಗೆ ಆಮ್‌ಸ್ಟರ್‌ಡಾಮ್‌ವರೆಗೂ ಹೋಗಿಬಂದೆ ಎನ್ನುತ್ತಾನೆ. ಅದನ್ನು ನಂಬುವ ಚರಿತ್ರೆಕಾರರಿಲ್ಲ. ಹೆಝಾರ್‌ಫನ್ ಅಹ್ಮದ್ ಎಂಬವನು ರೆಕ್ಕೆ ಕಟ್ಟಿಕೊಂಡು ಗಲಾಟಾ ಗೋಪುರದಿಂದ ಬಾಸ್ಫರಸ್ ದಾಟಿ ಹಾರಿದ ಎಂಬ ಕಥೆಗೂ ಇವನೊಬ್ಬನೇ ಸಾಕ್ಷಿ. ಇದನ್ನೇ ಇಂದು ಕೆಲವರು ಮುಸ್ಲಿಮರ ವಿಜ್ಞಾನ ಸಾಧನೆ ಎಂದು ಹೆಮ್ಮೆಯಿಂದ ಹಂಚುತ್ತಾರೆ. ಬೆಕ್ಕನ್ನು ನಂಬದವರು ಈ ಹಾರಾಟವನ್ನು ಮಾತ್ರ ಯಾಕೆ ನಂಬಬೇಕು ಎಂದು ಕೇಳಿಕೊಳ್ಳುವುದು ಒಳ್ಳೆಯದು.

ಕಥೆ ಬರೆಯುವ ನಮ್ಮಂಥವರಿಗೆ ಆತನ ಈ ಚಟ ಅರ್ಥವಾಗುತ್ತದೆ. ಪಾಷಾಗಳ ರಾತ್ರಿಯ ಮಜ್ಲಿಸ್‌ನಲ್ಲಿ ಕೇಳುವವರನ್ನು ಎಚ್ಚರವಾಗಿ ಇರಿಸುವುದು ಆತನ ಕೆಲಸವಾಗಿತ್ತು. ಕೇಳುವವರಿಗೂ ಎಲ್ಲಿ ನಗಬೇಕು, ಎಲ್ಲಿ ನಂಬಬೇಕು ಎಂಬುದು ಗೊತ್ತಿತ್ತು. ಹಾಗಾಗಿ ಚರಿತ್ರೆಕಾರರು ಇಂದು ಆತನನ್ನು ತಳ್ಳಿಹಾಕುವುದಿಲ್ಲ. ಆತನ ಕೋಟೆಗಳನ್ನು ಅಗೆತದ ನಕ್ಷೆಗಳೊಂದಿಗೆ, ಮಸೀದಿಗಳ ಪಟ್ಟಿಯನ್ನು ವಕ್ಫ್ ದಾಖಲೆಗಳೊಂದಿಗೆ ಹೋಲಿಸಿ, ಜೊಳ್ಳು ತೂರಿ ಕಾಳು ತೆಗೆಯುತ್ತಾರೆ. ಕಾಳು ಬೇಕಾದಷ್ಟು ಸಿಗುತ್ತದೆ.

ಇದ್ದ ಊರುಗಳು

ಆ ಕಾಳಿನ ಬೆಲೆ ತಿಳಿಯುವುದು ಊರುಗಳು ಇಲ್ಲವಾದಾಗ. ಅಥೆನ್ಸ್‌ನ ಪಾರ್ಥೆನಾನ್ ಆಗ ಮಸೀದಿಯಾಗಿತ್ತು. ಆತ 1660ರ ದಶಕದ ಕೊನೆಯಲ್ಲಿ ಅದರ ಕಂಬ, ಶಿಲ್ಪಗಳನ್ನು ಕಣ್ತುಂಬ ನೋಡಿ ಬರೆದ. ಮುಂದೆ 1687ರಲ್ಲಿ ತುರ್ಕರು ಅದರೊಳಗೆ ಮದ್ದು ತುಂಬಿಟ್ಟಿದ್ದರು, ವೆನಿಸ್‌ನವರು ಅದರ ಮೇಲೆ ಗುಂಡು ಹಾರಿಸಿದರು. ಇಬ್ಬರೂ ಸೇರಿ ಎರಡು ಸಾವಿರ ವರ್ಷ ನಿಂತಿದ್ದ ಕಟ್ಟಡವನ್ನು ಸಿಡಿಸಿಹಾಕಿದರು.

ಬೆಲ್‌ಗ್ರೇಡ್‌ನಲ್ಲಿ ಆತ ಎಣಿಸಿದ ಮಸೀದಿಗಳಲ್ಲಿ ಇಂದು ಉಳಿದಿರುವುದು ಬೈರಾಕ್ಲಿ ಮಸೀದಿ ಒಂದೇ. ಮೊಸ್ತಾರ್‌ನಲ್ಲಿ 1566ರಲ್ಲಿ ಕಟ್ಟಿದ್ದ ಕಲ್ಲಿನ ಸೇತುವೆಯನ್ನು ಆತ ಕಾಮನಬಿಲ್ಲಿಗೆ ಹೋಲಿಸಿದ. 1993ರ ನವೆಂಬರ್ 9ರಂದು ಕ್ರೊಯೇಷಿಯನ್ ಪಡೆಗಳ ಶೆಲ್‌ಗಳಿಗೆ ಅದು ಕುಸಿದು ನೆರೆತ್ವಾ ನದಿಗೆ ಬಿತ್ತು. 2004ರಲ್ಲಿ ಮತ್ತೆ ಕಟ್ಟಿದರು. ಫೋಚಾ ಪಟ್ಟಣದ ಅಲಾಜಾ ಮಸೀದಿಯ ಗೋಡೆಯ ಮೇಲೆ ಎವ್ಲಿಯಾ ತನ್ನ ಹೆಸರನ್ನು ಬರೆದಿದ್ದ. 1992ರಲ್ಲಿ ಸರ್ಬ್ ಪಡೆಗಳು ಆ ಮಸೀದಿಯನ್ನು ಸಿಡಿಸಿ ನೆಲಸಮ ಮಾಡಿದವು. ಅಳಿದುಳಿದ ಕಲ್ಲುಗಳನ್ನು ಹುಡುಕಿ ತಂದು ಕಟ್ಟಿ 2019ರಲ್ಲಿ ಮತ್ತೆ ತೆರೆದರು. ಅದೇ 1992ರಲ್ಲಿ ಸರಾಯೇವೊದ ಓರಿಯಂಟಲ್ ಇನ್‌ಸ್ಟಿಟ್ಯೂಟ್ ಸುಟ್ಟು ಐದು ಸಾವಿರಕ್ಕೂ ಹೆಚ್ಚು ಅರಬಿ, ಫಾರಸಿ, ತುರ್ಕಿ, ಬೋಸ್ನಿಯನ್ ಹಸ್ತಪ್ರತಿಗಳು ಬೂದಿಯಾದವು. ಆಗಸ್ಟ್‌ನಲ್ಲಿ ರಾಷ್ಟ್ರೀಯ ಗ್ರಂಥಾಲಯಕ್ಕೂ ಬೆಂಕಿ ಬಿತ್ತು. ಆ ವರ್ಷ ಡಿಸೆಂಬರ್‌ನಲ್ಲಿ ನಮ್ಮಲ್ಲಿ ಏನಾಯಿತೆಂಬುದನ್ನು ಯಾರಿಗೂ ನೆನಪಿಸಬೇಕಾಗಿಲ್ಲ.

ಕಟ್ಟಡ ಕೆಡಹುವವರ ಉದ್ದೇಶ ಕಲ್ಲನ್ನು ಉರುಳಿಸುವುದರೊಂದಿಗೆ ಮುಗಿಯುವುದಿಲ್ಲ. ಇಲ್ಲಿ ನೀವು ಇರಲೇ ಇಲ್ಲ ಎಂದು ಹೇಳುವುದು ಅವರಿಗೆ ಬೇಕಾಗಿರುತ್ತದೆ. ಇಂಥಲ್ಲಿ ಎವ್ಲಿಯಾನಂಥವನ ಎಣಿಕೆ, ಪಟ್ಟಿ, ಬಾಯಿಚಪಲದ ವರ್ಣನೆ ಎಲ್ಲವೂ ಸಾಕ್ಷಿಯಾಗುತ್ತವೆ. ಅದೂ ಒಂದು ಧರ್ಮದವರಿಗೆ ಮಾತ್ರ ಅಲ್ಲ. ಆತನ ಊರುಗಳಲ್ಲಿ ಮಸೀದಿಯ ಪಕ್ಕ ಇಗರ್ಜಿ ಇದೆ, ಯಹೂದಿಗಳ ಮೊಹಲ್ಲಾ ಇದೆ, ರೋಮಾಗಳ ಬಿಡಾರ ಇದೆ. ಆತ ಎಲ್ಲರನ್ನೂ ಸಮಾನರೆಂದು ತಿಳಿದಿರಲಿಲ್ಲ. ಆದರೆ ಯಾರನ್ನೂ ಲೆಕ್ಕದಿಂದ ಬಿಡಲಿಲ್ಲ.

ಆತನ ಪುಸ್ತಕದ ಹಣೆಬರಹವೂ ಒಂದು ಪ್ರವಾಸವೇ. 1683ರಲ್ಲಿ ತುರ್ಕರು ಎರಡನೇ ಸಲ ವಿಯೆನ್ನಾವನ್ನು ಮುತ್ತಿ ಸೋತ ಆಸುಪಾಸಿನಲ್ಲಿ ಆತ ತೀರಿಕೊಂಡಿರಬೇಕು. ಗೋರಿ ಎಲ್ಲಿದೆ ಎಂಬುದು ತಿಳಿದುಬಂದಿಲ್ಲ. ಹಸ್ತಪ್ರತಿ ಕೈರೋದಲ್ಲೇ ಉಳಿದು, 1742ರಲ್ಲಿ ಇಸ್ತಾಂಬುಲ್‌ಗೆ ಬಂತು. ಆಸ್ಟ್ರಿಯಾದ ಹ್ಯಾಮರ್ ಎಂಬ ವಿದ್ವಾಂಸ 19ನೇ ಶತಮಾನದಲ್ಲಿ ಒಂದು ಭಾಗವನ್ನು ಇಂಗ್ಲಿಷಿಗೆ ತಂದ. ವಿಯೆನ್ನಾವನ್ನು ನೋಡಿ ಬರೆದವನನ್ನು ಲೋಕಕ್ಕೆ ತೋರಿಸಿದ್ದು ಆ ನಾಡಿನವನೇ. 1896ರಲ್ಲಿ ಇಸ್ತಾಂಬುಲ್‌ನಲ್ಲಿ ಅಚ್ಚಾಗತೊಡಗಿದಾಗ ಸುಲ್ತಾನ ಅಬ್ದುಲ್ ಹಮೀದನ ಸೆನ್ಸಾರ್ ಅಧಿಕಾರಿಗಳು ಎಷ್ಟೋ ಪುಟಗಳಿಗೆ ಕತ್ತರಿ ಹಾಕಿದರು. ಮೂಲ ಹಸ್ತಪ್ರತಿಯನ್ನು ಆಧರಿಸಿದ ಹತ್ತೂ ಸಂಪುಟಗಳು ಪೂರ್ಣವಾಗಿ ಬಂದದ್ದು 1999 ಮತ್ತು 2007ರ ನಡುವೆ. 2013ರಲ್ಲಿ ಯುನೆಸ್ಕೋ ಇದನ್ನು ಜಗತ್ತಿನ ನೆನಪಿನ ದಾಖಲೆಗಳ ಪಟ್ಟಿಗೆ ಸೇರಿಸಿತು. ರಾಬರ್ಟ್ ಡಂಕಾಫ್ ಮತ್ತು ಸೂಯಂಗ್ ಕಿಮ್ 2010ರಲ್ಲಿ ಆಯ್ದ ಭಾಗಗಳನ್ನು ಸೊಗಸಾದ ಇಂಗ್ಲಿಷಿನಲ್ಲಿ ಕೊಟ್ಟಿದ್ದಾರೆ.

ಅದರ ನೂರು ಪುಟಗಳಾದರೂ ಕನ್ನಡದಲ್ಲಿ ನಮ್ಮ ಮಕ್ಕಳ ಕೈಗೆ ಸಿಗಬೇಕು. ಯುರೋಪ್ ಎಂದರೆ ಒಂದೇ ಧರ್ಮದ, ಒಂದೇ ಬಣ್ಣದ ನಾಡಾಗಿತ್ತು ಎಂದು ಅವರು ಓದುತ್ತಿದ್ದಾರೆ. ಮುಸ್ಲಿಮರು ಹೋದಲ್ಲೆಲ್ಲಾ ಕತ್ತಿಯನ್ನು ಮಾತ್ರ ಒಯ್ದರು ಎಂದೂ ಕೇಳುತ್ತಿದ್ದಾರೆ. ಎವ್ಲಿಯಾನ ಪುಟಗಳಲ್ಲಿ ಕತ್ತಿಯೂ ಇದೆ, ಅದನ್ನು ಮರೆಮಾಚುವ ಅಗತ್ಯವಿಲ್ಲ. ಅದರ ಜೊತೆಗೆ ಶತ್ರುವಿನ ಇಗರ್ಜಿಯಲ್ಲಿ ವಾದ್ಯ ಕೇಳಿ ತಲೆದೂಗಿದ, ಅಲ್ಲಿನ ಪುಸ್ತಕಗಳನ್ನು ಕಂಡು ತನ್ನವರ ಪುಸ್ತಕಗಳಿಗಾಗಿ ಕೊರಗಿದ, ಯಾರೂ ಕೇಳದ ಅಲೆಮಾರಿಗಳ ಮುಂದೆ ಕುಳಿತು ಒಂದು, ಎರಡು, ಮೂರು ಎಂದು ಅವರ ಮಾತಿನಲ್ಲೇ ಎಣಿಸಲು ಕಲಿತ ಒಬ್ಬ ಹಾಫಿಜ್ ಕೂಡಾ ಇದ್ದಾನೆ.